ವಿಲ್ಫ್ ಹಾರ್ಕಿನ್ ಅವರ ಸನ್ಮಾನ ಪತ್ರ

ಕೆಂಟನ್
6 ಅಕ್ಟೋಬರ್ 2025, ಸೋಮವಾರ

ಅಣ್ಣ,

ನಡೆದದ್ದನ್ನು ಮೊದಲು ಬರೆಯುತ್ತೇನೆ, ನನಗೆ ಅನ್ನಿಸಿದ್ದನ್ನು ಆಮೇಲೆ.

ಕಳೆದ ಗುರುವಾರ ಬೆಳಿಗ್ಗೆ ಹನ್ನೊಂದಕ್ಕೆ ವಿಲ್ಫ್ ಹಾರ್ಕಿನ್ ಅವರ ಮಗಳು ಪಾಲೀನ್ ಮನೆಗೆ ಬಂದಳು. ವಿಲ್ಫ್ ನಿನಗೆ ನೆನಪಿರಬೇಕು. ನಮ್ಮ ಕನ್ನಡ ಸಂಘ ಭಾನುವಾರದ ತರಗತಿ ನಡೆಸುವ ಹಾಲ್‌ಗೆ ಇಪ್ಪತ್ತೈದು ವರ್ಷ ಕೇರ್‌ಟೇಕರ್ ಆಗಿದ್ದವರು. ಅದಕ್ಕೂ ಮೊದಲು ಪಾರ್ಕ್ ರಾಯಲ್‌ನ ಒಂದು ಬಿಸ್ಕತ್ತು ಕಾರ್ಖಾನೆಯಲ್ಲಿದ್ದರು. ಅದಕ್ಕೂ ಮೊದಲು, 1952ರಿಂದ 63ರವರೆಗೆ, ವೆಲ್ಡನ್ ಅಥ್ಲೆಟಿಕ್ ಕ್ಲಬ್ಬಿನ ಫುಟ್‌ಬಾಲ್ ಆಟಗಾರ. ವಿಂಗರ್, ಅಂದರೆ ಮೈದಾನದ ಎಡ ಅಂಚಿನ ಸುಣ್ಣದ ಗೆರೆಗುಂಟ ಓಡಿ, ನಡುವೆ ಇರುವವರಿಗೆ ಚೆಂಡು ಒದಗಿಸುವವರು. ಇನ್ನೂರ ಎಂಬತ್ತೇಳು ಪಂದ್ಯ, ಹದಿನಾಲ್ಕು ಗೋಲು. 2009ರ ರಾಜ್ಯೋತ್ಸವದಲ್ಲಿ ಸಂಘ ಅವರಿಗೆ ಸನ್ಮಾನ ಮಾಡಿತು. ಸನ್ಮಾನ ಪತ್ರ ಬರೆದುಕೊಟ್ಟವನು ನೀನು.

ಈಗ ಅವರಿಗೆ ತೊಂಬತ್ತೊಂದು. ಡಿಮೆನ್ಷಿಯಾ. ನಮ್ಮ ರಸ್ತೆಯ ತುದಿಯ ಕೇರ್ ಹೋಮ್‌ನಲ್ಲಿದ್ದಾರೆ. ಅವರ ಕಿಟಕಿಯಿಂದ ಹಾಲ್‌ನ ಬಾಗಿಲು ಕಾಣುತ್ತದೆ; ದಿನಾ ಅದನ್ನು ನೋಡಿ, ಬೀಗ ಬಿದ್ದಿದೆ ಎಂದು ಸಮಾಧಾನಪಟ್ಟುಕೊಳ್ಳುತ್ತಾರೆ. ಅವರು ಅಲ್ಲೇ ಉಳಿಯಬೇಕಾದರೆ ಖರ್ಚು ಕೊಡಲು ಕ್ಲಬ್ಬಿನ ಹಳೆಯ ಆಟಗಾರರ ನೆರವಿನ ಸಮಿತಿ ಒಪ್ಪಬೇಕು. ಒಪ್ಪದಿದ್ದರೆ ಡಿಸೆಂಬರ್‌ನಲ್ಲಿ ಅವರನ್ನು ಥೇಮ್ಸ್ ನದಿಯಾಚೆ, ಕ್ರಾಯ್ಡನ್‌ಗೂ ಆಚೆಯ ಒಂದು ಹೋಮ್‌ಗೆ ಸಾಗಿಸುತ್ತಾರೆ. ಅಲ್ಲಿ ಅವರಿಗೆ ಗುರುತಿನ ಒಂದು ಮುಖ ಇಲ್ಲ, ಒಂದು ಗೋಡೆ ಇಲ್ಲ.

ತೊಗಲಿನ ಚೆಂಡನ್ನು ವರ್ಷಗಟ್ಟಲೆ ತಲೆಯಿಂದ ಹೊಡೆದು ಬಂದ ಕಾಯಿಲೆ ಎಂದು ತೋರಿಸಿದರೆ ಮಾತ್ರ ಸಮಿತಿಯ ನೆರವು. ಅಪ್ಪನ ಹೆಸರಿನಲ್ಲಿ ಪಾಲೀನ್ ಹಾಕಿದ ಅರ್ಜಿಯನ್ನು ಅವರು ತಿರಸ್ಕರಿಸಿದ್ದಾರೆ. ಮೂರು ಕಾರಣ. ಒಂದು, ಅವರು ವಿಂಗರ್. ವಿಂಗರ್‌ಗಳು ತಲೆ ಬಳಸುವುದು ಅಪರೂಪ. ಎರಡು, ಹದಿನಾಲ್ಕು ಗೋಲುಗಳಲ್ಲಿ ಒಂದೂ ತಲೆಯಿಂದ ಬಂದದ್ದಲ್ಲ. ಮೂರನೆಯದನ್ನು ಕನ್ನಡದಲ್ಲೇ ಬರೆಯುತ್ತೇನೆ, ಏಕೆಂದರೆ ಅದು ಮೂಲದಲ್ಲಿ ಕನ್ನಡದ್ದೇ: ‘ಚೆಂಡು ಇವರ ಪಾದಸೇವೆ ಮಾಡಿತಲ್ಲದೆ ಒಮ್ಮೆಯೂ ಇವರ ಶಿರವನ್ನು ಮುಟ್ಟುವ ಧೈರ್ಯ ಮಾಡಲಿಲ್ಲ.’

ಸಂಘದ ಕಾರ್ಯದರ್ಶಿ ಆಕಾಶ್ ಹಳೆಯ ಸನ್ಮಾನ ಪತ್ರಗಳನ್ನೆಲ್ಲ ಇಂಗ್ಲಿಷ್ ಅನುವಾದದ ಸಮೇತ ವೆಬ್‌ಸೈಟಿಗೆ ಹಾಕಿದ್ದಾನೆ. ಸಮಿತಿಯವರು ಅಲ್ಲಿಂದ ಎತ್ತಿಕೊಂಡಿದ್ದಾರೆ. ‘ಅರ್ಜಿದಾರರ ಸಮ್ಮುಖದಲ್ಲೇ ಓದಲಾದ, ಅವರು ಆಕ್ಷೇಪಿಸದ ಹೇಳಿಕೆ’ ಎಂದು ಬರೆದಿದ್ದಾರೆ.

ಮೇಲ್ಮನವಿಯ ವಿಚಾರಣೆ ನವೆಂಬರ್ 20ಕ್ಕೆ. ನಿನ್ನಿಂದ ಎರಡು ಬೇಕು. ಒಂದು, ಆ ವಾಕ್ಯ ನಿನ್ನ ಅಲಂಕಾರ, ಸತ್ಯವಲ್ಲ ಎಂದು ಸಹಿ ಮಾಡಿದ ಹೇಳಿಕೆ. ಎರಡು, 2009ರ ಸೆಪ್ಟೆಂಬರ್‌ನಲ್ಲಿ ವಿಲ್ಫ್ ಅವರನ್ನು ಕೂರಿಸಿಕೊಂಡು ಕೇಳಿ ನಾನು ನಿನಗೆ ಬರೆದಿದ್ದ ಪತ್ರ. ತಾಲೀಮಿನಲ್ಲಿ ತಲೆಯಿಂದ ಚೆಂಡು ಹೊಡೆಸುತ್ತಿದ್ದರು ಎಂದು ಅವರೇ ಹೇಳಿದ್ದನ್ನು ಅದರಲ್ಲಿ ಬರೆದಿದ್ದೆ. ಬರೆದದ್ದು ನೆನಪಿದೆ, ವಿವರ ನೆನಪಿಲ್ಲ. ನನ್ನ ನೆನಪು ಯಾರಿಗೂ ಸಾಕ್ಷಿಯಲ್ಲ. ಅರ್ಜಿಗೆ ಎಷ್ಟೋ ಮೊದಲು ಬರೆದ ಕಾಗದ ಸಾಕ್ಷಿ.

ಈಗ ಅನ್ನಿಸಿದ್ದು. ಅವರ ತಲೆಯ ಬಗ್ಗೆ ನಾನು ಬರೆದು ಕಳಿಸಿದ್ದೆ. ನೀನು ಅದನ್ನು ಕಿತ್ತು ಹಾಕಿ ಅದರ ಜಾಗದಲ್ಲಿ ಒಂದು ಸುಳ್ಳು ಕೂರಿಸಿದೆ, ಪ್ರಾಸಕ್ಕೋ ಚಪ್ಪಾಳೆಗೋ. ನನ್ನವರು, ನಿನ್ನ ಡಾಕ್ಟರ್ ಭಾವ, ಬದುಕಿದ್ದರೆ ಒಂದು ಗಂಟೆಯಲ್ಲಿ ವೈದ್ಯಕೀಯ ಅಭಿಪ್ರಾಯ ಬರೆದುಕೊಟ್ಟು ಈ ಸಮಿತಿಯ ಬಾಯಿ ಮುಚ್ಚಿಸುತ್ತಿದ್ದರು. ಅವರಿಲ್ಲ. ನೀನಿದ್ದೀಯ.

ಫೋನಿನಲ್ಲಿ ನಿನಗೆ ಕೇಳಿಸುವುದಿಲ್ಲ. ನಿನ್ನ ಸೊಸೆಗೆ ಇದನ್ನು ಇಮೇಲ್ ಮಾಡಿದ್ದೇನೆ. ದೊಡ್ಡಕ್ಷರದಲ್ಲಿ ಪ್ರಿಂಟ್ ತೆಗೆದುಕೊಡು ಎಂದು ಕಲ್ಯಾಣಿಗೆ ಹೇಳಿದ್ದೇನೆ.

ರಜನಿ


ಧಾರವಾಡ
14 ಅಕ್ಟೋಬರ್ 2025

ರಜನೀ,

ನಿನ್ನ ಪತ್ರ ತಲುಪಿತು. ಕಲ್ಯಾಣಿ ಎಷ್ಟು ದೊಡ್ಡಕ್ಷರದಲ್ಲಿ ತೆಗೆದಳೆಂದರೆ ನಿನ್ನ ಸಿಟ್ಟು ಏಳು ಹಾಳೆ ಆಗಿತ್ತು. ಓದಿ ಮುಗಿಸುವಷ್ಟರಲ್ಲಿ ಚಹಾ ಆರಿತು. ‘ಅತ್ತ್ಯಾರು ಭಾಳ ಸಿಟ್ಟಾಗ್ಯಾರ್ರೀ ಮಾವಾರ, ನೀವು ಏನ್ ಮಾಡೀರಿ?’ ಅಂತ ಅವಳು ನನ್ನನ್ನೇ ಕಟಕಟೆಗೆ ಹತ್ತಿಸಿದಳು.

ನಾನು ಐವತ್ತೆರಡು ವರ್ಷದಲ್ಲಿ ಮುನ್ನೂರಕ್ಕೂ ಹೆಚ್ಚು ಸನ್ಮಾನ ಪತ್ರ ಬರೆದಿದ್ದೇನೆ. ಮಠಾಧೀಶರಿಗೆ, ಮುಖ್ಯಾಧ್ಯಾಪಕರಿಗೆ, ಹಿಂಡಲಗಾ ಜೈಲಿನ ನಿವೃತ್ತ ಅಧಿಕಾರಿಗೆ. 1987ರಲ್ಲಿ ಒಬ್ಬ ಪೈಲ್ವಾನರಿಗೆ ‘ನೆಲವು ಇವರ ಬೆನ್ನನ್ನು ಮುಟ್ಟುವ ಧೈರ್ಯ ಮಾಡಲಿಲ್ಲ’ ಎಂದು ಬರೆದೆ. ಆ ಮನುಷ್ಯ ಎರಡು ಸಲ ಚಿತ್ತಾಗಿದ್ದು ಸಭೆಯಲ್ಲಿದ್ದ ಎಲ್ಲರಿಗೂ ಗೊತ್ತಿತ್ತು; ಒಮ್ಮೆ ಚಿತ್ತು ಮಾಡಿದವನೇ ಮುಂದಿನ ಸಾಲಿನಲ್ಲಿ ಕೂತು ಚಪ್ಪಾಳೆ ಹೊಡೆದ. ಸನ್ಮಾನ ಪತ್ರವನ್ನು ಪುರಾವೆಯೆಂದು ಓದುವ ಜನ ಇರುತ್ತಾರೆ ಎಂದು ನನಗೆ ಹೇಗೆ ಗೊತ್ತಾಗಬೇಕು? ಅದು ನನ್ನ ತಪ್ಪಲ್ಲ, ಆ ದೇಶದ್ದು.

ಇನ್ನೊಂದು ಕೇಳುತ್ತೇನೆ. ಕನ್ನಡ ನಾನು ಬರೆದೆ. ಇಂಗ್ಲಿಷ್ ಯಾರು ಮಾಡಿದರು?

ಹಳೆಯ ಪತ್ರಗಳು ಇಲ್ಲ. ಎರಡು ವರ್ಷದ ಹಿಂದೆ ಮನೆಗೆ ಬಣ್ಣ ಹೊಡೆಸುವಾಗ ಗೆದ್ದಲು ಹಿಡಿದ ಒಂದು ಪೆಟ್ಟಿಗೆಯನ್ನು ಹಾಗೇ ತೆಗೆದುಹಾಕಿದೆವು. ಅದರಲ್ಲಿ ಹೋಗಿರಬೇಕು.

ಹೇಳಿಕೆ ಬರೆದಿದ್ದೇನೆ, ಜೊತೆಗಿದೆ. ಹಾರ್ಕಿನ್ ಅವರ ಗುಣಗಳ ಬಗ್ಗೆಯೂ ಎರಡು ಮಾತು ಸೇರಿಸಿದ್ದೇನೆ. ಅವರಿಗೆ ಒಳ್ಳೆಯದಾಗಲಿ.

ಶೇಷಾದ್ರಿ


ಕೆಂಟನ್
19 ಅಕ್ಟೋಬರ್ 2025, ಭಾನುವಾರ

ಅಣ್ಣ,

ನಿನ್ನ ಹೇಳಿಕೆ ಓದಿದೆ. ‘ಥೇಮ್ಸ್ ತೀರದ ಗರುಡ’ ಎಂದು ಶುರುವಾಗುತ್ತದೆ. ಸಮಿತಿಗೆ ಇದನ್ನು ಕೊಟ್ಟರೆ ಅವರು ಗರುಡನಿಗೂ ಒಂದು ಕಲಮು ಹುಡುಕುತ್ತಾರೆ. ಮೂವತ್ತೊಂಬತ್ತು ಸಾಲಿನಲ್ಲಿ ‘ಆ ವಾಕ್ಯ ಸುಳ್ಳು’ ಎಂಬ ಮೂರೇ ಮೂರು ಪದ ನಿನಗೆ ಸಿಗಲಿಲ್ಲ.

ಇಂಗ್ಲಿಷ್ ನಾನು ಮಾಡಿದೆ. ಅದನ್ನು ಮುಚ್ಚಿಡುವುದಿಲ್ಲ. ನಾನು ಓದುವುದೆಲ್ಲ ಅನುವಾದವಾದ ಕಾದಂಬರಿಗಳನ್ನೇ, ನಿನಗೆ ಗೊತ್ತು. ಸೇರಿಸುವ ಅನುವಾದಕರನ್ನೂ ಬಿಡುವ ಅನುವಾದಕರನ್ನೂ ನಾನು ಕ್ಷಮಿಸಿಲ್ಲ. ನಿನ್ನ ವಾಕ್ಯವನ್ನು ಅಕ್ಷರಕ್ಕೆ ಅಕ್ಷರ ದಾಟಿಸಿದೆ. ಸುಳ್ಳೆಂದು ಗೊತ್ತಿದ್ದೂ ನಿಷ್ಠೆಯಿಂದ ದಾಟಿಸಿದೆ. ಆಸ್ಪತ್ರೆಯ ಪ್ರಯೋಗಾಲಯದಲ್ಲಿ ಮೂವತ್ತು ವರ್ಷ ಬೇರೆಯವರ ರಕ್ತದ ಲೆಕ್ಕ ತಪ್ಪದಂತೆ ನೋಡಿಕೊಂಡವಳು ನಾನು. ಅವತ್ತು ಕಾಗದಕ್ಕೆ ಪ್ರಾಮಾಣಿಕಳಾಗಿದ್ದೆ, ಎದುರಿಗಿದ್ದ ಮನುಷ್ಯನಿಗೆ ಆಗಲಿಲ್ಲ.

ಆ ದಿನ ನಿನಗೆ ಗೊತ್ತಿಲ್ಲ, ಹೇಳುತ್ತೇನೆ. 2009ರ ನವೆಂಬರ್ 8. ಕೇಸರಿಬಾತ್ ಬಿಸಿಯಿರುವಾಗಲೇ ಕಾರ್ಯಕ್ರಮ ಮುಗಿಸಬೇಕೆಂದು ಎಲ್ಲರಿಗೂ ಅವಸರ. ವಿಲ್ಫ್ ಅವರಿಗೆ ಶಾಲು, ಹಣ್ಣಿನ ಬುಟ್ಟಿ, ಮೈಸೂರು ಪೇಟ. ಪೇಟ ದೊಡ್ಡದಾಗಿ ಕಿವಿ ಮುಚ್ಚಿತು. ನಾನು ಇಂಗ್ಲಿಷ್ ಓದಿದೆ. ಆ ಸಾಲು ಬಂದಾಗ ಜನ ನಕ್ಕು ಚಪ್ಪಾಳೆ ತಟ್ಟಿದರು. ವಿಲ್ಫ್ ನನ್ನನ್ನೇ ನೋಡಿದರು. ಇಳಿಯುವಾಗ ಮೆಲ್ಲಗೆ ಅಂದರು:

‘ಒಮ್ಮೆಯೂ ಇಲ್ಲವಾ, ರಜನಿ?’

‘ಅಯ್ಯೋ, ಅದು ನಮ್ಮ ಪದ್ಧತಿ ವಿಲ್ಫ್, ಹೊಗಳೋದು.’

‘ಹಾಗಾದರೆ ಸರಿ. ತಲೆ ಮೇಲೆ ಮೆತ್ತಗಿರೋದನ್ನ ಇಟ್ಟವರು ನೀವೇ ಮೊದಲು. ನಾನ್ಯಾಕೆ ತಕರಾರು ಮಾಡಲಿ?’

ಸಮಿತಿ ಬರೆದಿರುವ ‘ಆಕ್ಷೇಪಿಸದ ಹೇಳಿಕೆ’ ಇದು. ಅತಿಥಿಯಾಗಿ ಮರ್ಯಾದೆ ಉಳಿಸಿಕೊಂಡರು. ಆ ಮರ್ಯಾದೆಯನ್ನೇ ಈಗ ಅವರ ಕುತ್ತಿಗೆಗೆ ಕಟ್ಟಿದ್ದಾರೆ.

ಶುಕ್ರವಾರ ಅವರನ್ನು ನೋಡಿ ಬಂದೆ. ಇಲ್ಲಿಯ ಬಾತ್‌ರೂಮುಗಳಲ್ಲಿ ಗೋಡೆಗೆ ಸ್ವಿಚ್ ಇರುವುದಿಲ್ಲ, ಸೂರಿನಿಂದ ದಾರ ಇಳಿಬಿಟ್ಟಿರುತ್ತಾರೆ, ತುದಿಗೆ ಒಂದು ಗುಂಡು. ಎಳೆದರೆ ದೀಪ. ವಿಲ್ಫ್ ಆ ಗುಂಡಿನ ಕೆಳಗೆ ನಿಂತಿದ್ದರು. ಎರಡೂ ಕೈ ಹಿಂದೆ ಕಟ್ಟಿ, ಮಂಡಿ ಸ್ವಲ್ಪ ಬಗ್ಗಿಸಿ, ಹಣೆಯಿಂದ ಅದನ್ನು ಹೊಡೆಯುತ್ತಿದ್ದರು. ಅದು ಹೋಗಿ ತಿರುಗಿ ಬಂದಾಗ ಮತ್ತೆ. ಹೊಡೆದಾಗಲೆಲ್ಲ ಎಣಿಕೆ. ಹಣೆಯ ಮಧ್ಯೆ ಕೆಂಪಾಗಿತ್ತು. ನಲವತ್ತಾದ ಮೇಲೆ ನಿಲ್ಲಿಸಿ, ಯಾರಿಗೋ ‘ಆಯಿತು ಸಾರ್’ ಅಂದರು. ಅಲ್ಲಿಯ ನರ್ಸ್, ‘ದಿನಾ ಇದೇ. ದಾರ ಮೇಲೆ ಕಟ್ಟಿದ್ವಿ. ಕುರ್ಚಿ ಹತ್ತೋಕೆ ಹೋದರು. ಬೀಳೋದಕ್ಕಿಂತ ಇದೇ ವಾಸಿ ಅಂತ ಬಿಚ್ಚಿದ್ವಿ,’ ಎಂದಳು.

ಮಗಳ ಹೆಸರು ಮರೆತಿದೆ. ನಲವತ್ತು ಮರೆತಿಲ್ಲ.

ಇದನ್ನು ಹೇಳಿದರೆ ಸಮಿತಿಯವರು, ಕಾಯಿಲೆಯ ವರ್ತನೆ, ಸಾಕ್ಷಿಯಲ್ಲ ಅನ್ನುತ್ತಾರೆ. ನನಗೆ ಆ ಪತ್ರ ಬೇಕು. ಗೆದ್ದಲಿನ ಕಥೆ ನಂಬುವುದಿಲ್ಲ. ಅವ್ವ 1974ರಲ್ಲಿ ಬರೆದ ಕಾರ್ಡನ್ನು ಹೋದ ವರ್ಷ ನನಗೆ ಫೋಟೋ ತೆಗೆಸಿ ಕಳಿಸಿದವನು ನೀನು.

ರಜನಿ


ಧಾರವಾಡ
27 ಅಕ್ಟೋಬರ್ 2025

ರಜನೀ,

ಗರುಡನನ್ನು ಹಾರಿಸಿಬಿಟ್ಟು ಹೊಸ ಹೇಳಿಕೆ ಬರೆದಿದ್ದೇನೆ. ಐದು ಸಾಲು. ವಾಕ್ಯ ನನ್ನದು, ಕಲ್ಪನೆ ನನ್ನದು, ಹೊಣೆ ನನ್ನದು. ನಮ್ಮ ವಕೀಲರ ಮುಂದೆ ಸಹಿ ಮಾಡಿ ಮುದ್ರೆ ಹಾಕಿಸಿದ್ದೇನೆ. ಇದಕ್ಕಿಂತ ಹೆಚ್ಚು ಯಾವ ಅಣ್ಣನೂ ಮಾಡಲಾರ.

ಪತ್ರ ಇಲ್ಲ ಎಂದು ಹೇಳಿದ್ದೇನೆ. ಇಲ್ಲ ಎಂದರೆ ಇಲ್ಲ. ಹದಿನಾರು ವರ್ಷದ ಹಿಂದಿನ ಒಂದು ಕಾಗದಕ್ಕಾಗಿ ನನ್ನನ್ನು ಕಳ್ಳನಂತೆ ಜಾಲಾಡಬೇಡ. ಗ್ಯಾಲರಿಯ ಕೆಳಗಿನ ತೊಲೆಗೆ ಕಟ್ಟಿದ ಚೆಂಡು ಈಗ ಆ ಮುದುಕನ ಬಾತ್‌ರೂಮಿಗೆ ಬಂದು ತೂಗುತ್ತಿದೆ ಎಂದು ಓದಿದಾಗ ನನಗೂ ಊಟ ಸೇರಲಿಲ್ಲ. ನಾನು ಕಲ್ಲಲ್ಲ. ಆದರೆ ಕೆಲವು ಕಾಗದ ಹೊರಗೆ ಬರದಿದ್ದರೇ ಎಲ್ಲರಿಗೂ ಕ್ಷೇಮ. ನನ್ನ ಮೇಲೆ ಎಷ್ಟು ಬೇಕಾದರೂ ಸಿಟ್ಟು ಮಾಡಿಕೊ. ಹೇಳಿಕೆ ಬಳಸು. ಸಾಕು.

ಶೇಷಾದ್ರಿ


ಕೆಂಟನ್
29 ಅಕ್ಟೋಬರ್ 2025, ಬುಧವಾರ

ಅಣ್ಣ,

ತೊಲೆ ಎಂದು ನಾನು ಬರೆದಿಲ್ಲ. ಗ್ಯಾಲರಿ ಎಂದೂ ಬರೆದಿಲ್ಲ. ಈ ತಿಂಗಳು ನಾನು ನಿನಗೆ ಬರೆದ ಎರಡು ಪತ್ರಗಳನ್ನೂ ಮುಂದಿಟ್ಟುಕೊಂಡು ಎರಡೆರಡು ಸಲ ಓದಿದೆ. ಚೆಂಡನ್ನು ಎಲ್ಲಿಗೆ ಕಟ್ಟುತ್ತಿದ್ದರೆಂದು ನನಗೇ ನೆನಪಿರಲಿಲ್ಲ. ನೀನು ಬರೆದ ಮೇಲೆ ನೆನಪಾಯಿತು.

ಅಂದರೆ ಆ ಪತ್ರ ನಿನ್ನಲ್ಲಿದೆ. ಈ ವಾರ ತೆಗೆದು ಓದಿದ್ದೀಯ. ಓದಿ ಮತ್ತೆ ಒಳಗಿಟ್ಟಿದ್ದೀಯ.

ಕಾರಣ ನನಗೆ ಗೊತ್ತು. ನಿನ್ನ ಸನ್ಮಾನ ಪತ್ರಗಳ ಸಂಕಲನ ಜನವರಿಯಲ್ಲಿ ಬಿಡುಗಡೆಯಂತೆ, ಕಲ್ಯಾಣಿ ಹೇಳಿದಳು. ‘ಕಡಲಾಚೆಯ ಕ್ರೀಡಾಪಟುವಿಗೆ’ ಎಂದು ಅದರಲ್ಲಿ ವಿಲ್ಫ್ ಅವರದ್ದೂ ಇದೆಯಂತೆ. ಶಾಲು ಹೊದಿಸಿಕೊಂಡು ಕೂರುವ ಎಂಬತ್ತರ ಮನುಷ್ಯನಿಗೆ, ಎದುರಿಗಿಟ್ಟ ಸತ್ಯವನ್ನು ಬಿಟ್ಟು ಪೈಲ್ವಾನನ ಹಳೆಯ ಸಾಲನ್ನು ತಿರುವಿ ಹಾಕಿದನೆಂದು ಹೊರಗೆ ಬರುವುದು ಬೇಡ. ‘ಎಲ್ಲರಿಗೂ ಕ್ಷೇಮ’ ಅಂದೆಯಲ್ಲ, ಆ ಎಲ್ಲರೊಳಗೆ ವಿಲ್ಫ್ ಇದ್ದಾರೆಯೇ? ಅಥವಾ ಅವರು ಅಲ್ಲೂ ಗೆರೆಯಾಚೆಗೇ ನಿಂತಿರಬೇಕೇ?

ಮೊನ್ನೆ ಪಾಲೀನ್ ಅಡುಗೆಮನೆಯಲ್ಲಿ ಕೂತು ಹೇಳಿದಳು. 1963ರಲ್ಲಿ, ಒಂದು ಮಂಗಳವಾರ, ತಾಲೀಮು ಮುಗಿಸಿ ಬಂದವರಿಗೆ ಮ್ಯಾನೇಜರ್ ‘ನಾಳೆಯಿಂದ ಬರಬೇಡ’ ಅಂದನಂತೆ. ಹನ್ನೊಂದು ವರ್ಷಕ್ಕೆ ಆ ಎರಡು ಮಾತು. ಬೂಟನ್ನು ಮಾತ್ರ ಕೊಟ್ಟು ಕಳಿಸಿದರಂತೆ, ಆ ಕಾಲಿನ ಅಳತೆ ಬೇರೆ ಯಾರಿಗೂ ಆಗುವುದಿಲ್ಲವೆಂದು. ‘ಅಪ್ಪ ಯಾವತ್ತೂ ಯಾರ ಮೇಲೂ ಸಿಟ್ಟು ಮಾಡಲಿಲ್ಲ. ಅವರ ಪಾಲಿನ ಸಿಟ್ಟೂ ನನಗೇ ಬಂದಿದೆ,’ ಅಂದಳು. ನನಗೂ ಹಾಗೇ ಅನ್ನಿಸುತ್ತಿದೆ. ಸುಮ್ಮನೆ ನಗುವವರು ಬಿಟ್ಟುಹೋದ ಸಿಟ್ಟನ್ನು ಅವರ ಹತ್ತಿರದವರು ಹೊರಬೇಕು.

ಪತ್ರವನ್ನು ಕೊರಿಯರ್‌ನಲ್ಲಿ ಕಳಿಸು. ಮೂಲವನ್ನೇ ಕಳಿಸು, ಫೋಟೋ ಬೇಡ. ಕಳಿಸದಿದ್ದರೆ ನನಗೆ ಮುಂದೆ ಏನೂ ಬರೆಯಬೇಡ.

ರಜನಿ


ಧಾರವಾಡ
7 ನವೆಂಬರ್ 2025

ರಜನೀ,

ಒಂಬತ್ತು ದಿನ ಸುಮ್ಮನಿದ್ದೆ. ಬರೆಯಬೇಡ ಎಂದಿದ್ದಕ್ಕಲ್ಲ. ನನಗೂ ಸಿಟ್ಟು ಬರುತ್ತದೆ, ಅದಕ್ಕೆ.

ಶಾಲಿಗಾಗಿ ಬಚ್ಚಿಟ್ಟೆ ಎಂದು ಬರೆದೆ. ಅರವತ್ತು ವರ್ಷದಿಂದ ನಿನ್ನ ಅಣ್ಣ ಎಂಥವನೆಂದು ಕಂಡವಳು ಬರೆದೆ. ಸಂಕಲನದಿಂದ ಆ ಸನ್ಮಾನ ಪತ್ರವನ್ನು ನಿನ್ನ ಮೊದಲ ಕಾಗದ ಬಂದ ಮರುದಿನವೇ ತೆಗೆಸಿದ್ದೇನೆ. ಅಚ್ಚಿನ ಮನೆಯವನು ‘ಪುಟ ಸಂಖ್ಯೆ ಎಲ್ಲಾ ಕೆಡ್ತಾವ್ರೀ ಸರ’ ಎಂದು ಗೊಣಗಿದ. ಕೆಡಲಿ ಎಂದೆ. ನಿನಗೆ ಹೇಳಲಿಲ್ಲ. ಯಾಕೆ ಹೇಳಬೇಕು?

ಪತ್ರ ಜೊತೆಗಿದೆ. ಒಂದೇ ಹಾಳೆ, ಎರಡು ಮಗ್ಗುಲು. ಮುಂದಿನ ಮಗ್ಗುಲು ನಿನಗೆ ಬೇಕಾದದ್ದು. ಹಿಂದಿನದನ್ನು ಒಬ್ಬಳೇ ಕೂತು ಓದು. ಆಮೇಲೆ ನನ್ನ ಐದು ಸಾಲಿನ ಹೇಳಿಕೆಯನ್ನು ಇನ್ನೊಮ್ಮೆ ಓದು. ಅದನ್ನು ಯಾಕೆ ಹಾಗೆ ಬರೆದೆ ಎಂದು ತಿಳಿಯುತ್ತದೆ. ಹೇಳಿಕೆ, ಮತ್ತು ಮುಂದಿನ ಮಗ್ಗುಲಿನ ಪ್ರತಿ. ಇಷ್ಟೇ ಕೊಟ್ಟರೆ ಯಾರೂ ಹಿಂದಿನದನ್ನು ಕೇಳುವುದಿಲ್ಲ.

ಶೇಷಾದ್ರಿ


(ಲಗತ್ತು)

ಕೆಂಟನ್
13 ಸೆಪ್ಟೆಂಬರ್ 2009, ಭಾನುವಾರ

ಅಣ್ಣ,

ಸನ್ಮಾನ ಪತ್ರಕ್ಕೆ ನೀನು ಕೇಳಿದ ವಿವರಗಳು. ಇವತ್ತು ಮಧ್ಯಾಹ್ನ ವಿಲ್ಫ್ ಅವರನ್ನು ದೋಸೆಗೆ ಕರೆದು ಕೂರಿಸಿಕೊಂಡು ಬರೆದುಕೊಂಡೆ.

ಹುಟ್ಟಿದ್ದು 1934, ವಿಲ್ಸ್‌ಡನ್. ಹದಿನೆಂಟಕ್ಕೆ ಮೊದಲ ಪಂದ್ಯ. ಎತ್ತರ ಐದಡಿ ಐದಂಗುಲ. ಅವರ ಕ್ಲಬ್ಬಿನಲ್ಲಿ ಒಂದು ರೂಢಿಯಿತ್ತಂತೆ: ಗೋಲ್‌ಕೀಪರ್ ಚೆಂಡನ್ನು ಯಾವಾಗಲೂ ಎಡ ಅಂಚಿಗೇ ಎತ್ತಿ ಒದೆಯುತ್ತಿದ್ದ. ಇಳಿಯುವ ಚೆಂಡನ್ನು ಇವರು ತಲೆಯಿಂದ ಮುಂದಕ್ಕೆ ತಳ್ಳಿ, ಅದರ ಹಿಂದೆ ತಾವೇ ಓಡಬೇಕು. ಜನ ನೋಡುತ್ತಿದ್ದದ್ದು ಓಟವನ್ನು. ಅದಕ್ಕೆ ಮೊದಲಿನದನ್ನು ಯಾರೂ ನೋಡುತ್ತಿರಲಿಲ್ಲ. ಒಂದು ಪಂದ್ಯಕ್ಕೆ ಇಪ್ಪತ್ತು, ಇಪ್ಪತ್ತೈದು ಸಲ.

ಕುಳ್ಳಗಿದ್ದರೆಂದು ತರಬೇತುದಾರ ಗ್ಯಾಲರಿಯ ಕೆಳಗಿನ ತೊಲೆಗೆ ಹಗ್ಗದಲ್ಲಿ ಚೆಂಡು ಕಟ್ಟಿ, ದಿನಾ ಬೆಳಿಗ್ಗೆ ನಲವತ್ತು ಸಲ ಹಣೆಯಿಂದ ಹೊಡೆಸುತ್ತಿದ್ದ. ಹಿಂದಿನ ಸಂಜೆ ಚೆಂಡನ್ನು ನೀರಿನಲ್ಲಿ ನೆನೆಸಿಟ್ಟಿರುತ್ತಿದ್ದ, ಕೆಸರಿನ ಭಾರಕ್ಕೆ ರೂಢಿಯಾಗಲೆಂದು. ಹೊಲಿಗೆಯ ದಾರ ಹಣೆಗೆ ತಾಗಿದರೆ ಗಾಯ. ‘ಕೆಲವು ದಿನ ಮೂವತ್ತಕ್ಕೇ ವಾಂತಿ ಬರುತ್ತಿತ್ತು. ವಾಂತಿ ಮಾಡಿ ಬಂದು ಉಳಿದ ಹತ್ತು ಹೊಡೆಯುತ್ತಿದ್ದೆ,’ ಅಂದರು.

ದಯವಿಟ್ಟು ಪುಟ ತಿರುಗಿಸು.

(ಹಿಂದಿನ ಮಗ್ಗುಲು)

ಇದನ್ನು ಹೇಳುತ್ತಿರುವಾಗ ನಿನ್ನ ಭಾವ ಒಳಗೆ ಬಂದರು. ವಿಲ್ಫ್ ನಿನ್ನ ಭಾವನನ್ನೇ ಕೇಳಿದರು: ‘ಡಾಕ್, ಈಗೀಗ ಹಾಲ್‌ನ ಬೀಗದ ಕೈ ಎಲ್ಲಿಟ್ಟೆ ಅಂತ ಮರೆಯುತ್ತೇನೆ. ಬೆಳಗಾದರೆ ಹಣೆಯೊಳಗೆ ಯಾರೋ ಬಾಗಿಲು ಬಡಿದ ಹಾಗೆ. ಆ ಚೆಂಡುಗಳ ದೆಸೆಯಿಂದ ಇರಬಹುದಾ?’

ನಿನ್ನ ಭಾವನ ಉತ್ತರ ಕೇಳು, ನಕ್ಕು ಸಾಕಾಯಿತು. ‘ನೀವು ವಿಂಗರ್, ವಿಲ್ಫ್! ವಿಂಗರ್‌ಗೆ ಮಂಡಿ ಹೋಗುತ್ತೆ, ತಲೆ ಹೋಗೋದು ಡಿಫೆಂಡರ್‌ಗಳದ್ದು. ಚೆಂಡು ನಿಮ್ಮ ತಲೆ ಮುಟ್ಟೋಕೆ ಅದಕ್ಕೆಲ್ಲಿ ಧೈರ್ಯ? ಎಪ್ಪತ್ತೈದಾಯ್ತು, ಮರೆವು ಬರದೆ ಇನ್ನೇನು ಯೌವನ ಬರುತ್ತಾ? ಇನ್ನೊಂದು ದೋಸೆ ಹಾಕಿಸಿಕೊಳ್ಳಿ.’ ಜಿಪಿಗೆ, ಅಂದರೆ ಬಡಾವಣೆಯ ಡಾಕ್ಟರಿಗೆ, ತೋರಿಸಲಾ ಎಂದು ವಿಲ್ಫ್ ಕೇಳಿದರು. ‘ಅವರ ಸಮಯ ಯಾಕೆ ಹಾಳು ಮಾಡ್ತೀರಿ?’ ಅಂದರು. ವಿಲ್ಫ್ ಅವರೂ ನಕ್ಕರು.

ಅಣ್ಣ, ಆ ಧೈರ್ಯದ ಮಾತನ್ನು ನಿನ್ನ ಶೈಲಿಯಲ್ಲಿ ಸೇರಿಸಿಬಿಡು, ನಿನ್ನ ಪೈಲ್ವಾನನ ಸಾಲಿನ ಹಾಗೆ. ಸಭೆ ನಗುತ್ತದೆ, ನಿನ್ನ ಭಾವನಿಗೂ ಖುಷಿ. ಹಗ್ಗ, ವಾಂತಿ ಇವೆಲ್ಲ ಸಮಾರಂಭಕ್ಕೆ ಚೆನ್ನಾಗಿರುವುದಿಲ್ಲ; ಬಿಟ್ಟುಬಿಡು. ಇಂಗ್ಲಿಷ್ ನಾನು ಮಾಡಿಕೊಳ್ಳುತ್ತೇನೆ.

ರಜನಿ


ಕೆಂಟನ್
14 ನವೆಂಬರ್ 2025, ಶುಕ್ರವಾರ

ಅಣ್ಣ,

ಕೊರಿಯರ್ ಬೆಳಿಗ್ಗೆ ಹತ್ತಕ್ಕೆ ಬಂತು. ಒಬ್ಬಳೇ ಕೂತು ಓದಿದೆ. ನನ್ನ ಅಕ್ಷರವೇ. ‘ಬಿಟ್ಟುಬಿಡು’ ಎಂಬುದರ ಕೆಳಗೆ ಗೆರೆ ಎಳೆದಿದ್ದೇನೆ. ನನಗೆ ಗೆರೆ ಎಳೆಯುವ ಚಾಳಿ ಆಗಲೂ ಇತ್ತು.

ಹಿಂದಿನ ಮಗ್ಗುಲಿನ ಒಂದು ಪದವೂ ನನಗೆ ನೆನಪಿರಲಿಲ್ಲ. ನಂಬುತ್ತೀಯೋ ಇಲ್ಲವೋ. ನಲವತ್ತು ದಿನದಿಂದ ನಿನ್ನನ್ನು ಬಯ್ಯುತ್ತಿದ್ದೇನೆ, ನಿನ್ನ ಭಾವ ಬದುಕಿದ್ದರೆ ಎಂದು ಹಲುಬುತ್ತಿದ್ದೇನೆ. ಸಮಿತಿಯ ಮೊದಲ ಕಾರಣವನ್ನು ಸಮಿತಿಗಿಂತ ಹದಿನಾರು ವರ್ಷ ಮೊದಲು ನಮ್ಮ ಅಡುಗೆಮನೆಯಲ್ಲಿ ಹೇಳಿದವರು ಅವರು. ಒಬ್ಬ ಮನುಷ್ಯ ತನ್ನ ಕಾಯಿಲೆಯನ್ನು ತಾನೇ ಗುರುತಿಸಿ, ಕಾರಣ ಸಮೇತ ಡಾಕ್ಟರ ಮುಂದಿಟ್ಟ. ಡಾಕ್ಟರು ದೋಸೆ ಕೊಟ್ಟರು. ಅವರ ಫೋಟೋದ ಎದುರು ನಿಂತು ಇವತ್ತು ಗಟ್ಟಿಯಾಗಿ ಬಯ್ದೆ. ಅವರು ಹೋದ ಹನ್ನೆರಡು ವರ್ಷದಲ್ಲಿ ಮೊದಲ ಸಲ. ಆಮೇಲೆ ಬಯ್ಯುವುದಕ್ಕೆ ಉಳಿದವಳು ನಾನೊಬ್ಬಳೇ.

ನಿನ್ನನ್ನೂ ಬಿಡುವುದಿಲ್ಲ. ಎಲ್ಲ ತಪ್ಪನ್ನೂ ನಿನ್ನ ತಲೆಗೆ ಕಟ್ಟಿಕೊಂಡು, ಮುದ್ರೆ ಹಾಕಿಸಿ ಕಳಿಸಿದೆ. ನನ್ನನ್ನು ಚಿಕ್ಕ ಮಗುವಂತೆ ಕಾದೆ. ನನಗೆ ಎಪ್ಪತ್ತನಾಲ್ಕು. ಕಾಯುವವರು ಯಾರನ್ನು ಬಲಿ ಕೊಟ್ಟು ಕಾಯುತ್ತಿದ್ದಾರೆಂದು ನೋಡಿಕೊಳ್ಳಬೇಕು. ಶಾಲಿನ ಮಾತಿಗೆ ಮಾತ್ರ ತಪ್ಪೊಪ್ಪಿಕೊಳ್ಳುತ್ತೇನೆ. ಅದು ಅನ್ಯಾಯ.

ಮೊಮ್ಮಗಳು ತನ್ಮಯಿ ಮಧ್ಯಾಹ್ನ ಬಂದಿದ್ದಳು. ಅವಳಿಗೆ ಕನ್ನಡ ಓದಲು ಬಾರದು. ನಾನೇ ಎರಡೂ ಮಗ್ಗುಲು ಓದಿ ಹೇಳಿದೆ. ಅವಳು ಎಂದಿನಂತೆ ಇಂಗ್ಲಿಷಿನಲ್ಲಿ, ‘ಅಜ್ಜಿ, ಮುಂದಿನ ಸೈಡ್ ಮಾತ್ರ ಸ್ಕ್ಯಾನ್ ಮಾಡಿದರೆ ಸಾಕಲ್ಲ? ಅಜ್ಜನ್ನ ಯಾಕೆ ಎಳೀಬೇಕು? ಒಬ್ಬ ಡಾಕ್ಟರೇ ಏನೂ ಇಲ್ಲ ಅಂದಿದ್ದರು ಅಂತ ಅವರು ಅದನ್ನೇ ಹಿಡಿದುಕೊಳ್ಳಲ್ವಾ?’ ಎಂದಳು. ಕೇಳಬೇಕಾದ ಪ್ರಶ್ನೆಯೇ. ನೀನೂ ಅದನ್ನೇ ಬರೆದಿದ್ದೀಯ.

‘ದಯವಿಟ್ಟು ಪುಟ ತಿರುಗಿಸು’ ಎಂದು ಕೆಳಗೆ ಬರೆದ ಹಾಳೆಯ ಒಂದೇ ಮಗ್ಗುಲು ಕೊಟ್ಟರೆ ಸಮಿತಿಯವರು ಇನ್ನೊಂದನ್ನು ಕೇಳಬಹುದು, ಕೇಳದೆಯೂ ಇರಬಹುದು. ಅದು ನನಗೆ ಮುಖ್ಯವಲ್ಲ. ಆ ಹಿಂದಿನ ಮಗ್ಗುಲಿನಲ್ಲೇ ವಿಲ್ಫ್ ಮೊದಲ ಸಲ ತಮ್ಮ ಪರವಾಗಿ ಮಾತಾಡಿದ್ದಾರೆ. ಬೀಗದ ಕೈ, ಹಣೆಯೊಳಗಿನ ಬಡಿತ, ಚೆಂಡು. ಎಪ್ಪತ್ತೈದನೇ ವಯಸ್ಸಿನಲ್ಲಿ, ಬುದ್ಧಿ ಸರಿಯಿದ್ದಾಗ, ಅರ್ಜಿಯ ಯೋಚನೆಯೇ ಇಲ್ಲದಾಗ. ನಮ್ಮ ಮರ್ಯಾದೆಗಾಗಿ ಅದನ್ನು ಮುಚ್ಚಿದರೆ, ಅವರ ಬಾಯಿಯನ್ನು ಎರಡನೇ ಸಲ ಮುಚ್ಚಿದವಳಾಗುತ್ತೇನೆ.

ಹಾಗಾಗಿ ನಿರ್ಧರಿಸಿದ್ದೇನೆ. ಮೂಲ ಹಾಳೆ, ಎರಡೂ ಮಗ್ಗುಲಿನ ಅನುವಾದ ಸಮೇತ. ಅನುವಾದ ಇವತ್ತು ಮುಗಿಸಿದೆ. ಏನೂ ಸೇರಿಸಿಲ್ಲ, ಏನೂ ಬಿಟ್ಟಿಲ್ಲ. ನಿನ್ನ ಐದು ಸಾಲನ್ನು ಕೊಡುವುದಿಲ್ಲ, ಅದು ನಿಜವಲ್ಲ. ಅಲಂಕಾರ ನಿನ್ನದು, ವಿಷಯ ನಮ್ಮ ಮನೆಯದು. 20ರಂದು ನಾನೇ ಸಮಿತಿಯ ಮುಂದೆ ನಿಂತು, ನನ್ನ ಗಂಡ ಹೇಳಿದ್ದು ತಪ್ಪು, ಅವರು ಆ ಹಣೆಯನ್ನು ಒಮ್ಮೆಯೂ ಮುಟ್ಟಿ ನೋಡಲಿಲ್ಲ, ನಾನು ಪಕ್ಕದಲ್ಲಿ ನಗುತ್ತಿದ್ದೆ ಎಂದು ಹೇಳುತ್ತೇನೆ.

ಅದಕ್ಕೆ ಮೊದಲು ಪಾಲೀನ್‌ಗೆ ಹೇಳಬೇಕು. ನಾಳೆ ಹತ್ತೂವರೆಗೆ ಬರುತ್ತೇನೆಂದಿದ್ದಾಳೆ. ಅವಳಿಗೆ ಇನ್ನೂ ನಾನು ಅವಳ ಅಪ್ಪನ ಪರ ಹೊಡೆದಾಡುತ್ತಿರುವ ಒಳ್ಳೆಯ ನೆರೆಯವಳು. ಬರುವಾಗ ಏನು ತರಲಿ ಎಂದು ಕೇಳಿದ್ದಾಳೆ. ಏನೂ ಬೇಡ ಅಂದೆ. ಹಾಳೆ ಮೇಜಿನ ಮೇಲಿದೆ, ಕವರ್ ಇನ್ನೂ ಅಂಟಿಸಿಲ್ಲ.

ಅವಳಿಗೆ ಹಿಂದಿನ ಮಗ್ಗುಲನ್ನೇ ಮೊದಲು ಓದುತ್ತೇನೆ.

ರಜನಿ